ಗೇಣಿದಾರನ ನುಡಿ, ಸದನದ ನುಡಿ: ಶಾಂತವೇರಿ ಗೋಪಾಲಗೌಡ ಮತ್ತು ಶಾಸನಸಭೆಯ ಕನ್ನಡ

ಕನ್ನಡ ಭಾಷಾ ಹೋರಾಟದ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ ಎರಡು ಧಾರೆಗಳನ್ನು ಗುರುತಿಸುತ್ತಾರೆ. ಮೊದಲನೆಯದು 1915ರಲ್ಲಿ ಬೆಂಗಳೂರಿನಲ್ಲಿ ಸ್ಥಾಪನೆಯಾದ ಕನ್ನಡ ಸಾಹಿತ್ಯ ಪರಿಷತ್ತು, ಅದಕ್ಕೂ ಮೊದಲು 1890ರಲ್ಲಿ ಧಾರವಾಡದಲ್ಲಿ ಹುಟ್ಟಿದ ಕರ್ನಾಟಕ ವಿದ್ಯಾವರ್ಧಕ ಸಂಘ ಮುಂತಾದ ಸಂಸ್ಥೆಗಳ ಮೂಲಕ ಹರಿದುಬಂದ ಸಾಹಿತ್ಯಕ ಧಾರೆ; ಎರಡನೆಯದು 1960ರ ದಶಕದಲ್ಲಿ ಅ. ನ. ಕೃಷ್ಣರಾಯ, ಮ. ರಾಮಮೂರ್ತಿ ಮೊದಲಾದವರ ನಾಯಕತ್ವದಲ್ಲಿ ಬೆಂಗಳೂರಿನ ಬೀದಿಗಳಲ್ಲಿ ರೂಪುಗೊಂಡು 1982ರ ಗೋಕಾಕ್ ಚಳವಳಿಯಲ್ಲಿ ತುದಿಮುಟ್ಟಿದ ನಗರದ ಚಳವಳಿಯ ಧಾರೆ. ಇವೆರಡರಿಂದಲೂ ಬೇರೆಯಾದ, ಆದರೆ ರಾಜ್ಯದ ಶಾಸನಸಭೆಯೊಳಗೆ ಕನ್ನಡಕ್ಕೆ ನೆಲೆ ಒದಗಿಸುವಲ್ಲಿ ಬಹುಮುಖ್ಯವಾಗಿದ್ದ ಮೂರನೆಯ ಧಾರೆಯೊಂದಿದ್ದು, ಅದು ಮಲೆನಾಡಿನ ಗೇಣಿದಾರರ ಹೋರಾಟದಿಂದ ಹುಟ್ಟಿದ ಸಮಾಜವಾದಿ ರಾಜಕಾರಣದ ಧಾರೆಯಾಗಿದೆ. ಈ ಧಾರೆಯ ಮೊದಲ ಪ್ರತಿನಿಧಿಯಾದ ಶಾಂತವೇರಿ ಗೋಪಾಲಗೌಡರ (1923–1972) ಸಾರ್ವಜನಿಕ ಜೀವನವನ್ನು ಭಾಷೆಯ ದೃಷ್ಟಿಯಿಂದ ಪರಿಶೀಲಿಸುವುದು, ಅದರ ಮುಂದುವರಿಕೆಯನ್ನು ಗುರುತಿಸುವುದು, ಮತ್ತು ಅದೇ ಕಾಲದಲ್ಲಿ ಬ್ರಿಟನ್ನಿನ ವೇಲ್ಸ್ ಪ್ರಾಂತದಲ್ಲಿ ನಡೆದ ಭಾಷಾ ರಾಜಕಾರಣದೊಡನೆ ಅದನ್ನು ಹೋಲಿಸಿ ನೋಡುವುದು ಪ್ರಸ್ತುತ ಲೇಖನದ ಉದ್ದೇಶ. ಶಾಸನಸಭೆಯಲ್ಲಿ ಕನ್ನಡಕ್ಕೆ ದೊರೆತ ಸ್ಥಾನವು ಭಾಷಾಭಿಮಾನದ ಫಲ ಮಾತ್ರವಾಗಿರದೆ, ಭೂಮಿಯಿಲ್ಲದವನೂ ಇಂಗ್ಲಿಷ್ ಬಾರದವನೂ ಆದ ಪ್ರಜೆಯ ಪ್ರಾತಿನಿಧ್ಯದ ಪ್ರಶ್ನೆಯಾಗಿತ್ತು ಎಂಬುದು ಇಲ್ಲಿನ ವಾದ.

ಹಿನ್ನೆಲೆ: ಮೈಸೂರು ಪ್ರಜಾಪ್ರತಿನಿಧಿ ಸಭೆ

ಮೈಸೂರು ಸಂಸ್ಥಾನದಲ್ಲಿ ಪ್ರಾತಿನಿಧಿಕ ಸಂಸ್ಥೆಯ ಚರಿತ್ರೆ 1881ರಷ್ಟು ಹಿಂದಕ್ಕೆ ಹೋಗುತ್ತದೆ. ಆ ವರ್ಷ ಮಾರ್ಚ್ ತಿಂಗಳಿನಲ್ಲಿ ಬ್ರಿಟಿಷರಿಂದ ಆಡಳಿತ ಒಡೆಯರ ಮನೆತನಕ್ಕೆ ಮರಳಿದ ಮೇಲೆ ದಿವಾನ್ ರಂಗಾಚಾರ್ಲು ಅವರು ಅಕ್ಟೋಬರ್ 7ರಂದು ಪ್ರಜಾಪ್ರತಿನಿಧಿ ಸಭೆಯ ಮೊದಲ ಅಧಿವೇಶನವನ್ನು ಮೈಸೂರಿನಲ್ಲಿ ಕರೆದರು. ಅದರಲ್ಲಿ 144 ಮಂದಿ ಪಾಲ್ಗೊಂಡಿದ್ದರು. ದಸರೆಯ ಸಮಯದಲ್ಲಿ ಸೇರುತ್ತಿದ್ದ ಈ ಸಭೆಗೆ ಕಾನೂನು ಮಾಡುವ ಅಧಿಕಾರ ಆರಂಭದಲ್ಲಿ ಇರಲಿಲ್ಲ. ಸರ್ಕಾರದ ವರ್ಷದ ಕೆಲಸಕಾರ್ಯಗಳ ವರದಿಯನ್ನು ದಿವಾನರ ಬಾಯಿಂದ ಕೇಳುವುದು ಮತ್ತು ತಮ್ಮ ತಾಲ್ಲೂಕಿನ ಕೆರೆ, ರಸ್ತೆ, ಕಂದಾಯ, ಶಾಲೆಗಳ ಕುರಿತು ಅಹವಾಲು ಸಲ್ಲಿಸುವುದು ಪ್ರತಿನಿಧಿಗಳ ಕೆಲಸವಾಗಿತ್ತು. ಪ್ರತಿನಿಧಿಗಳಲ್ಲಿ ಬಹುಪಾಲು ಜನ ಜಮೀನುದಾರರೂ ವರ್ತಕರೂ ಆಗಿದ್ದುದರಿಂದ ದಿವಾನರ ಭಾಷಣದ ಕನ್ನಡ ಅನುವಾದವನ್ನು ಒದಗಿಸುವುದು, ಅಹವಾಲುಗಳನ್ನು ಕನ್ನಡದಲ್ಲಿ ಕೇಳುವುದು ಅನಿವಾರ್ಯವೇ ಆಗಿತ್ತು. ಆದರೆ ಆಡಳಿತದ ನಿರ್ಧಾರಗಳು ಇಂಗ್ಲಿಷಿನಲ್ಲೇ ರೂಪುಗೊಳ್ಳುತ್ತಿದ್ದವು. ಹೀಗಾಗಿ ಕನ್ನಡವು ಬೇಡಿಕೆಯನ್ನು ಮುಂದಿಡುವ ಭಾಷೆಯಾಗಿಯೂ ಇಂಗ್ಲಿಷು ತೀರ್ಮಾನವನ್ನು ಬರೆಯುವ ಭಾಷೆಯಾಗಿಯೂ ಹಂಚಿಕೆಯಾದವು. ಮುಂದೆ ಬಂದ ಭಾಷಾ ರಾಜಕಾರಣವೆಲ್ಲವೂ ಈ ಹಂಚಿಕೆಯ ವಿರುದ್ಧ ನಡೆಸಿದ ಹೋರಾಟವೆಂದು ಹೇಳಬಹುದು.

1939ರ ಜುಲೈ 1ರಂದು ಮೈಸೂರು ಜಿಲ್ಲೆಯಿಂದ ಬೇರ್ಪಟ್ಟು ಮಂಡ್ಯ ಜಿಲ್ಲೆ ಅಸ್ತಿತ್ವಕ್ಕೆ ಬರುವ ಮೊದಲು ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ, ನಾಗಮಂಗಲ ತಾಲ್ಲೂಕುಗಳು ಮೈಸೂರು ಜಿಲ್ಲೆಯಲ್ಲೇ ಇದ್ದವು. ಕಾವೇರಿಗೆ ಅಡ್ಡಲಾಗಿ 1911ರಲ್ಲಿ ಆರಂಭವಾದ ಕಣ್ಣಂಬಾಡಿ ಕಟ್ಟೆಯ ಕೆಲಸದಿಂದ ಈ ಸೀಮೆಯ ಒಂದು ಭಾಗಕ್ಕೆ ನೀರಾವರಿ ಒದಗಿದರೆ, ಇನ್ನೊಂದು ಭಾಗದ ಹಳ್ಳಿಗಳು ಹಿನ್ನೀರಿನಲ್ಲಿ ಮುಳುಗಿದವು. ಹೇಮಾವತಿಯ ದಂಡೆಯ ಅಕ್ಕಿಹೆಬ್ಬಾಳಿನಂತಹ ಊರುಗಳಲ್ಲಿ ನದಿ, ಕಾಲುವೆ, ಕಂದಾಯ, ಸ್ವಾಧೀನ ಇವೆಲ್ಲ ದಿನನಿತ್ಯದ ಸಂಗತಿಗಳಾದವು. ರೈತ ಮತ್ತು ಸರ್ಕಾರದ ನಡುವಿನ ಕಾಗದಪತ್ರದ ಭಾಷೆ ಯಾವುದಿರಬೇಕೆಂಬುದು ಹೀಗೆ ಹಳ್ಳಿಯ ಜೀವನಕ್ಕೆ ನೇರವಾಗಿ ತಟ್ಟಿದ ಪ್ರಶ್ನೆಯಾಗಿತ್ತು. 1938ರ ಏಪ್ರಿಲ್‌ನಲ್ಲಿ ಮದ್ದೂರಿನ ಬಳಿಯ ಶಿವಪುರದಲ್ಲಿ ನಡೆದ ಧ್ವಜ ಸತ್ಯಾಗ್ರಹದಿಂದ ಮೈಸೂರಿನ ಸ್ವಾತಂತ್ರ್ಯ ಚಳವಳಿ ಹಳ್ಳಿಗಾಡಿಗೆ ಇಳಿದಾಗ ಅದರ ಭಾಷಣ, ಕರಪತ್ರ, ಪತ್ರಿಕೆಗಳೆಲ್ಲ ಕನ್ನಡದಲ್ಲೇ ಇದ್ದುದು ಸಹಜವಾಗಿತ್ತು. ಸ್ವಾತಂತ್ರ್ಯಾನಂತರ ಅಧಿಕಾರ ಹಿಡಿದವರು ವಿಧಾನಸಭೆಯನ್ನು ಪ್ರವೇಶಿಸಿದ ಮೇಲೆ ಈ ಭಾಷೆ ಅವರೊಡನೆ ಅದೇ ಪ್ರಮಾಣದಲ್ಲಿ ಒಳಕ್ಕೆ ಬರಲಿಲ್ಲ.

ಆರಗದಿಂದ ಕಾಗೋಡಿಗೆ

ಗೋಪಾಲಗೌಡರು ಶಿವಮೊಗ್ಗ ಜಿಲ್ಲೆ ತೀರ್ಥಹಳ್ಳಿ ತಾಲ್ಲೂಕಿನ ಆರಗದಲ್ಲಿ 1923ರ ಮಾರ್ಚ್ 14ರಂದು ಜನಿಸಿದರು. ಸ್ಥಿತಿವಂತ ಕುಟುಂಬವೇನೂ ಅವರದಾಗಿರಲಿಲ್ಲ. ವಿದ್ಯಾರ್ಥಿ ದೆಸೆಯಲ್ಲೇ 1942ರ ಕ್ವಿಟ್ ಇಂಡಿಯಾ ಚಳವಳಿಯಲ್ಲಿ ಪಾಲ್ಗೊಂಡು ಸೆರೆವಾಸ ಅನುಭವಿಸಿದ ಅವರು, ಆನಂತರ ಜಯಪ್ರಕಾಶ ನಾರಾಯಣ ಮತ್ತು ರಾಮಮನೋಹರ ಲೋಹಿಯಾ ಅವರ ಪ್ರಭಾವಕ್ಕೊಳಗಾಗಿ ಸಮಾಜವಾದಿ ಪಕ್ಷವನ್ನು ಸೇರಿದರು. ಮೈಸೂರು ಸಂಸ್ಥಾನದಲ್ಲಿ ಕಾಂಗ್ರೆಸ್ಸಿನ ಪ್ರಾಬಲ್ಯ ಬಹಳವಾಗಿದ್ದ ಕಾಲದಲ್ಲಿ ಹೊಸ ಪಕ್ಷವೊಂದಕ್ಕೆ ನೆಲೆ ದೊರೆಯಬೇಕಾದರೆ ಕಾಂಗ್ರೆಸ್ಸು ಮುಟ್ಟದೆ ಬಿಟ್ಟಿದ್ದ ಜನವರ್ಗವೊಂದು ಬೇಕಾಗಿತ್ತು. ಮಲೆನಾಡಿನ ಗೇಣಿದಾರರಲ್ಲಿ ಆ ಜನವರ್ಗ ದೊರೆಯಿತು.

ಗೇಣಿ ಪದ್ಧತಿಯೆಂದರೆ ಭೂಮಾಲೀಕನ ಜಮೀನನ್ನು ಉಳುಮೆ ಮಾಡುವವನು ಪ್ರತಿ ವರ್ಷ ನಿಗದಿಯಾದ ಪ್ರಮಾಣದ ಬತ್ತವನ್ನು ಮಾಲೀಕನಿಗೆ ಅಳೆದುಕೊಡುವ ವ್ಯವಸ್ಥೆ. ಬಯಲುಸೀಮೆಯ ವಾರದ ಪದ್ಧತಿಯಲ್ಲಿ ಬೆಳೆ ಪಾಲಾಗುತ್ತಿದ್ದರೆ, ಗೇಣಿಯಲ್ಲಿ ಬೆಳೆ ಬರಲಿ ಬಿಡಲಿ ನಿಗದಿತ ಅಳತೆಯನ್ನು ಒಪ್ಪಿಸಬೇಕಾಗಿತ್ತು. ಸಾಗರ ತಾಲ್ಲೂಕಿನ ಕಾಗೋಡು ಗ್ರಾಮದಲ್ಲಿ ದೀವರ ಸಮುದಾಯದ ಗೇಣಿದಾರರು ಮತ್ತು ಅಲ್ಲಿನ ಭೂಮಾಲೀಕರ ನಡುವೆ ಗೇಣಿ ಬತ್ತವನ್ನು ಅಳೆಯುವ ಕೊಳಗದ ಗಾತ್ರದ ಬಗ್ಗೆ ಎದ್ದ ತಕರಾರು, ಗೇಣಿದಾರರನ್ನು ಜಮೀನಿನಿಂದ ಹೊರಹಾಕುವ ಮಟ್ಟಕ್ಕೆ ಹೋಯಿತು. ಎಚ್. ಗಣಪತಿಯಪ್ಪನವರು ಸಂಘಟಿಸಿದ್ದ ರೈತ ಸಂಘದ ನೇತೃತ್ವದಲ್ಲಿ 1951ರ ಏಪ್ರಿಲ್‌ನಲ್ಲಿ ಸತ್ಯಾಗ್ರಹ ಆರಂಭವಾಯಿತು. ರೈತರು ತಂಡತಂಡವಾಗಿ ಗದ್ದೆಗಿಳಿದು ನೇಗಿಲು ಹೂಡುವುದು, ಪೊಲೀಸರು ಅವರನ್ನು ಬಂಧಿಸುವುದು ದಿನಚರಿಯಾಯಿತು. ಸಮಾಜವಾದಿ ಪಕ್ಷ ಈ ಹೋರಾಟವನ್ನು ತನ್ನದಾಗಿ ಮಾಡಿಕೊಂಡಾಗ ಗೋಪಾಲಗೌಡರು ಅದರ ಮುಂಚೂಣಿಗೆ ಬಂದರು. ಜೂನ್ ತಿಂಗಳಿನಲ್ಲಿ ಲೋಹಿಯಾ ಅವರೇ ಬಂದು ಬಂಧನಕ್ಕೊಳಗಾದದ್ದರಿಂದ ಒಂದು ಹಳ್ಳಿಯ ಕೊಳಗದ ಜಗಳ ರಾಷ್ಟ್ರದ ಗಮನ ಸೆಳೆಯಿತು.

ಕಾಗೋಡು ಸತ್ಯಾಗ್ರಹವನ್ನು ಭೂ ಹೋರಾಟವೆಂದಷ್ಟೇ ಓದುವುದು ರೂಢಿ. ಆದರೆ ಅದರ ಭಾಷಿಕ ಪರಿಣಾಮವನ್ನೂ ಗಮನಿಸಬೇಕಾಗುತ್ತದೆ. ಗೇಣಿಯ ಕರಾರು, ಕೋರ್ಟಿನ ಆದೇಶ, ಪೊಲೀಸರ ದೂರು, ವಕೀಲರ ವಾದ ಇವು ಯಾವುದರಲ್ಲೂ ಗೇಣಿದಾರನಿಗೆ ಸ್ವಂತ ಮಾತಿರಲಿಲ್ಲ; ತನ್ನ ಬಗ್ಗೆ ಬರೆದದ್ದನ್ನು ಅವನು ಇನ್ನೊಬ್ಬರಿಂದ ಓದಿಸಿ ತಿಳಿಯಬೇಕಾಗಿತ್ತು. ಈ ಸ್ಥಿತಿಯನ್ನು ಹತ್ತಿರದಿಂದ ಕಂಡ ನಾಯಕನಿಗೆ ಶಾಸನಸಭೆಯಲ್ಲಿ ಯಾವ ಭಾಷೆಯಲ್ಲಿ ಮಾತಾಡಬೇಕೆಂಬುದು ಅಭಿರುಚಿಯ ವಿಷಯವಾಗಿ ಉಳಿಯುವಂತಿರಲಿಲ್ಲ.

ಸದನದಲ್ಲಿ ಕನ್ನಡ

1952ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ಗೋಪಾಲಗೌಡರು ಸಾಗರ–ಹೊಸನಗರ ಕ್ಷೇತ್ರದಿಂದ ಕಾಂಗ್ರೆಸ್ಸಿನ ಪ್ರಮುಖ ನಾಯಕರಾಗಿದ್ದ ಎ. ಆರ್. ಬದರಿನಾರಾಯಣ ಅವರನ್ನು ಸೋಲಿಸಿ ಮೈಸೂರು ವಿಧಾನಸಭೆಗೆ ಆಯ್ಕೆಯಾದರು. ಆಗ ಅವರಿಗೆ ಇನ್ನೂ ಮೂವತ್ತು ವರ್ಷ ತುಂಬಿರಲಿಲ್ಲ. ಮತದಾರರಿಂದ ಒಂದು ಓಟನ್ನೂ ಒಂದು ನೋಟನ್ನೂ ಕೇಳಿ ಚುನಾವಣೆ ನಡೆಸಿದರೆಂಬುದು ಮಲೆನಾಡಿನಲ್ಲಿ ಇಂದಿಗೂ ಜನಜನಿತವಾಗಿದೆ. 1957ರಲ್ಲಿ ಸೋತ ಅವರು 1962 ಮತ್ತು 1967ರಲ್ಲಿ ತೀರ್ಥಹಳ್ಳಿಯಿಂದ ಗೆದ್ದು ಬಂದರು. ಮಂತ್ರಿ ಪದವಿಯನ್ನು ಎಂದೂ ಹಿಡಿಯದೆ, ಸದಾ ವಿರೋಧ ಪಕ್ಷದ ಸಾಲಿನಲ್ಲೇ ಕುಳಿತ ಈ ಶಾಸಕರ ಪ್ರಭಾವಕ್ಕೆ ಅವರ ಮಾತೇ ಆಧಾರವಾಗಿತ್ತು.

ಮೈಸೂರು ವಿಧಾನಸಭೆಯ ಆರಂಭದ ವರ್ಷಗಳಲ್ಲಿ ಸಚಿವರೂ ವಕೀಲ ವೃತ್ತಿಯಿಂದ ಬಂದ ಸದಸ್ಯರೂ ಇಂಗ್ಲಿಷನ್ನು ಧಾರಾಳವಾಗಿ ಬಳಸುತ್ತಿದ್ದರು. ಆಯವ್ಯಯ ಪತ್ರ, ಮಸೂದೆ, ಸಮಿತಿ ವರದಿಗಳು ಇಂಗ್ಲಿಷಿನಲ್ಲಿದ್ದವು. ಸಂವಿಧಾನದ 210ನೆಯ ಅನುಚ್ಛೇದದ ಪ್ರಕಾರ ರಾಜ್ಯ ಶಾಸನಸಭೆಯ ಕಲಾಪವು ರಾಜ್ಯದ ಆಡಳಿತ ಭಾಷೆಯಲ್ಲಿ, ಹಿಂದಿಯಲ್ಲಿ ಅಥವಾ ಇಂಗ್ಲಿಷಿನಲ್ಲಿ ನಡೆಯಬಹುದು. ಅವುಗಳಲ್ಲಿ ಸಮರ್ಪಕವಾಗಿ ಮಾತನಾಡಲಾರದ ಸದಸ್ಯನಿಗೆ ಮಾತೃಭಾಷೆಯಲ್ಲಿ ಮಾತನಾಡಲು ಸಭಾಧ್ಯಕ್ಷರು ಅನುಮತಿ ಕೊಡಬಹುದು. ಕನ್ನಡವನ್ನು ಆಡಳಿತ ಭಾಷೆಯೆಂದು ಘೋಷಿಸಿದ ಕಾಯಿದೆ ಮೈಸೂರು ರಾಜ್ಯದಲ್ಲಿ ಬಂದದ್ದು 1963ರಲ್ಲಿ. ಆ ಕಾಯಿದೆಯೂ ಇಂಗ್ಲಿಷಿನ ಮುಂದುವರಿಕೆಗೆ ಎಡೆ ಇಟ್ಟುಕೊಂಡಿತ್ತು. ಅಂದರೆ ಗೋಪಾಲಗೌಡರು ಸದನ ಪ್ರವೇಶಿಸಿದಾಗ ಆ ಸದನದ ಹೊರಗೆ ಎಲ್ಲರೂ ಆಡುತ್ತಿದ್ದ ಭಾಷೆಗೆ ಅಲ್ಲಿ ಕಾನೂನಿನ ಭದ್ರ ಸ್ಥಾನ ಇರಲಿಲ್ಲ. ಇಂತಹ ಸಂದರ್ಭದಲ್ಲಿ ಅವರು ಆಯವ್ಯಯ, ಗೇಣಿ ಶಾಸನ, ಮುಳುಗಡೆ ಸಂತ್ರಸ್ತರ ಪುನರ್ವಸತಿ, ಆಡಳಿತದ ವೆಚ್ಚ ಮುಂತಾದ ವಿಷಯಗಳನ್ನು ಕನ್ನಡದಲ್ಲಿ ವಿಸ್ತಾರವಾಗಿ ಚರ್ಚಿಸಿದರು. ಕನ್ನಡದಲ್ಲಿ ಭಾವುಕವಾದ ಭಾಷಣ ಮಾಡಬಹುದು, ಹಣಕಾಸು ಮತ್ತು ಕಾನೂನಿನ ಸೂಕ್ಷ್ಮಗಳಿಗೆ ಇಂಗ್ಲಿಷೇ ಬೇಕು ಎಂಬ ವಿದ್ಯಾವಂತರ ನಂಬಿಕೆಗೆ ಈ ಚರ್ಚೆಗಳು ಉತ್ತರವಾದವು.

ಸಾಹಿತ್ಯದೊಡನೆ ಅವರಿಗಿದ್ದ ನಂಟು ಇಲ್ಲಿ ಪ್ರಸ್ತುತವಾಗುತ್ತದೆ. ಕುವೆಂಪು ಅವರ ತಾಲ್ಲೂಕಿನವರಾದ ಗೋಪಾಲಗೌಡರು ಕಾವ್ಯದ ಗಂಭೀರ ಓದುಗರಾಗಿದ್ದರು. ಕವಿ ಗೋಪಾಲಕೃಷ್ಣ ಅಡಿಗ, ಯು. ಆರ್. ಅನಂತಮೂರ್ತಿ ಮೊದಲಾದವರೊಡನೆ ಆಪ್ತ ಸಂಬಂಧವಿಟ್ಟುಕೊಂಡಿದ್ದರು. ಅನಂತಮೂರ್ತಿಯವರ 'ಅವಸ್ಥೆ' ಕಾದಂಬರಿಯ ನಾಯಕ ಕೃಷ್ಣಪ್ಪಗೌಡನ ಪಾತ್ರಕ್ಕೆ ಗೋಪಾಲಗೌಡರ ಜೀವನವೇ ಪ್ರೇರಣೆಯೆಂಬುದು ಎಲ್ಲರೂ ಒಪ್ಪಿರುವ ಸಂಗತಿ. ನವ್ಯ ಸಾಹಿತ್ಯ ಕನ್ನಡ ಗದ್ಯವನ್ನು ಆಧುನಿಕ ವಿಚಾರಕ್ಕೆ ಒಗ್ಗಿಸುತ್ತಿದ್ದ ವರ್ಷಗಳಲ್ಲೇ ಈ ರಾಜಕಾರಣಿ ಶಾಸನಸಭೆಯ ಚರ್ಚೆಗೆ ತಕ್ಕ ಕನ್ನಡವನ್ನು ರೂಪಿಸುತ್ತಿದ್ದರು. ಅವರು ಪಂಡಿತರ ಪರಿಭಾಷೆಯನ್ನು ಆಶ್ರಯಿಸದೆ ರೈತರ ಮಾತಿನ ನೇರತನವನ್ನೂ ಓದಿನಿಂದ ಬಂದ ಖಚಿತತೆಯನ್ನೂ ಬೆಸೆದದ್ದರಿಂದ ಆ ಭಾಷೆ ಸದನದ ಒಳಗೂ ಹೊರಗೂ ಸಲ್ಲುವಂತಾಯಿತು.

ಏಕೀಕರಣ ಮತ್ತು ನಾಡಿನ ಹೆಸರು

ರಾಜ್ಯಗಳ ಪುನರ್‌ವಿಂಗಡಣೆ ಕುರಿತ ಫಜಲ್ ಅಲಿ ಆಯೋಗ 1955ರ ಸೆಪ್ಟೆಂಬರ್ ಕೊನೆಯಲ್ಲಿ ವರದಿ ಒಪ್ಪಿಸಿದ ನಂತರ ಮೈಸೂರು ವಿಧಾನಸಭೆಯಲ್ಲಿ ಏಕೀಕರಣದ ಚರ್ಚೆ ತೀವ್ರವಾಯಿತು. ಮುಂಬಯಿ, ಹೈದರಾಬಾದ್, ಮದರಾಸು ಪ್ರಾಂತಗಳ ಕನ್ನಡ ಜಿಲ್ಲೆಗಳು ಸೇರಿಕೊಂಡರೆ ಮೈಸೂರಿನ ಆರ್ಥಿಕ ಮುನ್ನಡೆಗೆ ಹಿನ್ನಡೆಯಾಗುತ್ತದೆಂದೂ ರಾಜಕೀಯ ಬಲಾಬಲ ಬದಲಾಗುತ್ತದೆಂದೂ ಹಳೆ ಮೈಸೂರಿನ ಹಲವು ನಾಯಕರು ಭಯಪಟ್ಟರು. ಮುಖ್ಯಮಂತ್ರಿ ಕೆಂಗಲ್ ಹನುಮಂತಯ್ಯನವರು ತಮ್ಮ ಪಕ್ಷದೊಳಗಿನ ವಿರೋಧವನ್ನು ಎದುರಿಸಿ ಏಕೀಕರಣದ ಪರವಾಗಿ ನಿಂತರು. ವಿರೋಧ ಪಕ್ಷದಲ್ಲಿದ್ದ ಗೋಪಾಲಗೌಡರು ಈ ವಿಷಯದಲ್ಲಿ ಏಕೀಕರಣವನ್ನು ಬಲವಾಗಿ ಬೆಂಬಲಿಸಿದರು. ಇದೇ ಕಾಲದಲ್ಲಿ, 1954ರಿಂದ 1956ರವರೆಗೆ, ಕನ್ನಡ ಸಾಹಿತ್ಯ ಪರಿಷತ್ತಿನ ಅಧ್ಯಕ್ಷರಾಗಿದ್ದವರು ಅಕ್ಕಿಹೆಬ್ಬಾಳಿನಲ್ಲಿ ಹುಟ್ಟಿ, ಇಂಗ್ಲಿಷ್ ಅಧ್ಯಾಪಕರಾಗಿದ್ದುಕೊಂಡು ಕನ್ನಡ ಪ್ರಬಂಧಕ್ಕೆ ಹೊಸ ಹದ ತಂದ ಎ. ಎನ್. ಮೂರ್ತಿರಾಯರು. ಸಾಹಿತ್ಯಕ ಧಾರೆಯೂ ಸಮಾಜವಾದಿ ಧಾರೆಯೂ ಒಂದೇ ಘಟ್ಟದಲ್ಲಿ ಸಕ್ರಿಯವಾಗಿದ್ದವೆಂಬುದನ್ನು ಇದರಿಂದ ತಿಳಿಯಬಹುದು. ಅವುಗಳ ಕಾರ್ಯಕ್ಷೇತ್ರಗಳು ಮಾತ್ರ ಬೇರೆಯಾಗಿದ್ದವು.

1956ರ ನವೆಂಬರ್ 1ರಂದು ಉದಯವಾದ ರಾಜ್ಯಕ್ಕೆ ಮೈಸೂರೆಂಬ ಹೆಸರೇ ಉಳಿಯಿತು. ಹೊಸದಾಗಿ ಸೇರಿದ ಜಿಲ್ಲೆಗಳ ಜನರಿಗೆ ಒಂದು ಅರಸುಮನೆತನದ ಸಂಸ್ಥಾನದ ಹೆಸರಿನಲ್ಲಿ ಗುರುತಿಸಿಕೊಳ್ಳುವುದು ಒಪ್ಪಿಗೆಯಾಗಿರಲಿಲ್ಲ. ಕರ್ನಾಟಕ ಎಂಬ ಹೆಸರಿಗಾಗಿ ಸದನದಲ್ಲಿ ಪಟ್ಟುಹಿಡಿದವರಲ್ಲಿ ಗೋಪಾಲಗೌಡರು ಪ್ರಮುಖರು. ಅರಸೊತ್ತಿಗೆಯ ನೆನಪಿನಿಂದ ಬಿಡಿಸಿ ನಾಡನ್ನು ಅದರ ಜನರ ಭಾಷೆಯಿಂದ ಗುರುತಿಸಬೇಕೆಂಬ ಈ ನಿಲುವಿಗೂ ಭೂಮಿಯನ್ನು ಉಳುವವನ ಹೆಸರಿಗೆ ಬರೆಯಬೇಕೆಂಬ ಅವರ ಇನ್ನೊಂದು ನಿಲುವಿಗೂ ಒಳಗಿನ ತರ್ಕ ಒಂದೇ ಆಗಿತ್ತು. ದೀರ್ಘಕಾಲದ ಅನಾರೋಗ್ಯದ ನಂತರ ಅವರು 1972ರ ಜೂನ್ 9ರಂದು ತೀರಿಕೊಂಡರು. ಮುಂದಿನ ತಿಂಗಳೇ ವಿಧಾನಸಭೆ ಹೆಸರು ಬದಲಾವಣೆಯ ನಿರ್ಣಯವನ್ನು ಅಂಗೀಕರಿಸಿತು. ದೇವರಾಜ ಅರಸು ಅವರು ಮುಖ್ಯಮಂತ್ರಿಯಾಗಿದ್ದಾಗ, 1973ರ ನವೆಂಬರ್ 1ರಿಂದ, ರಾಜ್ಯ ಕರ್ನಾಟಕವಾಯಿತು.

ಲೋಹಿಯಾ ಭಾಷಾನೀತಿಯ ಪಾತ್ರ

ಗೋಪಾಲಗೌಡರ ನಿಲುವಿನ ಹಿಂದೆ ಲೋಹಿಯಾ ಅವರ ಭಾಷಾ ಚಿಂತನೆ ಇತ್ತು. ಬರ್ಲಿನ್ನಿನಲ್ಲಿ ಜರ್ಮನ್ ಕಲಿತು ಅಲ್ಲಿಯೇ ಡಾಕ್ಟರೇಟ್ ಪಡೆದಿದ್ದ ಲೋಹಿಯಾ ಇಂಗ್ಲಿಷನ್ನು ಒಂದು ಭಾಷೆಯಾಗಿ ದ್ವೇಷಿಸಿದವರಲ್ಲ. ಶಾಸನಸಭೆ, ನ್ಯಾಯಾಲಯ, ಆಡಳಿತ, ಶಿಕ್ಷಣ ಮಾಧ್ಯಮ ಈ ನಾಲ್ಕು ಕಡೆ ಅದು ಸಾರ್ವಜನಿಕ ಬಳಕೆಯಲ್ಲಿ ಇರುವತನಕ ದೇಶದ ಬಹುಸಂಖ್ಯಾತರು ಅಧಿಕಾರದಿಂದ ಹೊರಗುಳಿಯುತ್ತಾರೆ ಎಂಬುದು ಅವರ ವಾದವಾಗಿತ್ತು. ಜಾತಿ, ಸಂಪತ್ತು, ಇಂಗ್ಲಿಷ್ ವಿದ್ಯೆ ಈ ಮೂರರಲ್ಲಿ ಎರಡಿದ್ದವನು ಆಳುವ ವರ್ಗಕ್ಕೆ ಸೇರುತ್ತಾನೆಂದು ಅವರು ವಿಶ್ಲೇಷಿಸಿದರು. ಈ ವಿಶ್ಲೇಷಣೆಯಿಂದ ಭಾಷೆಯ ಪ್ರಶ್ನೆ ಜಾತಿ ಮತ್ತು ಭೂಮಿಯ ಪ್ರಶ್ನೆಗಳ ಸಾಲಿನಲ್ಲೇ ನಿಂತಿತು.

ಈ ನೀತಿಗೆ ದಕ್ಷಿಣದಲ್ಲಿ ಒಂದು ತೊಡಕೂ ಇತ್ತು. ಉತ್ತರ ಭಾರತದಲ್ಲಿ ಇಂಗ್ಲಿಷ್ ತೊಲಗಿಸುವ ಚಳವಳಿ ಹಿಂದಿಯ ಪ್ರಾಬಲ್ಯವನ್ನು ಬಯಸುವವರೊಡನೆ ಬೆರೆತುಹೋದ ಕಾರಣ, 1965ರಲ್ಲಿ ತಮಿಳುನಾಡಿನಲ್ಲಿ ಹಿಂದಿ ವಿರೋಧಿ ಚಳವಳಿ ಉಗ್ರರೂಪ ತಾಳಿದ ಮೇಲೆ ಲೋಹಿಯಾವಾದಿಗಳ ಭಾಷಾನೀತಿಯನ್ನು ಸಂಶಯದಿಂದ ನೋಡುವಂತಾಯಿತು. ಕರ್ನಾಟಕದ ಸಮಾಜವಾದಿಗಳು ಇಂಗ್ಲಿಷಿನ ಸ್ಥಾನಕ್ಕೆ ಹಿಂದಿಯನ್ನು ತರದೆ ಕನ್ನಡವನ್ನು ತರಬೇಕೆಂದು ಒತ್ತಿಹೇಳಿದ್ದರಿಂದ ಈ ಸಂಶಯದಿಂದ ಬಹುಮಟ್ಟಿಗೆ ಪಾರಾದರು. ಅವರ ನಿಲುವಿನ ಪ್ರಾಮಾಣಿಕತೆಗೆ ದೆಹಲಿಯಲ್ಲಿ ಪರೀಕ್ಷೆಯ ಸಂದರ್ಭವೂ ಒದಗಿತು.

ಲೋಕಸಭೆಯಲ್ಲಿ ಕನ್ನಡ: ಜೆ. ಎಚ್. ಪಟೇಲ್

ಚನ್ನಗಿರಿ ತಾಲ್ಲೂಕಿನ ಕಾರಿಗನೂರಿನಲ್ಲಿ 1930ರ ಅಕ್ಟೋಬರ್ 1ರಂದು ಹುಟ್ಟಿದ ಜೆ. ಎಚ್. ಪಟೇಲರು ಗೋಪಾಲಗೌಡರ ಪ್ರಭಾವದಲ್ಲಿ ಬೆಳೆದ ಸಮಾಜವಾದಿ. 1967ರಲ್ಲಿ ಸಂಯುಕ್ತ ಸಮಾಜವಾದಿ ಪಕ್ಷದ ಅಭ್ಯರ್ಥಿಯಾಗಿ ಶಿವಮೊಗ್ಗದಿಂದ ಲೋಕಸಭೆಗೆ ಆಯ್ಕೆಯಾದ ಅವರು ಅಲ್ಲಿ ಕನ್ನಡದಲ್ಲಿ ಭಾಷಣ ಮಾಡಿದ ಮೊದಲ ಸದಸ್ಯರೆಂದು ಪ್ರಸಿದ್ಧರಾದರು. ಅಂದಿನ ಲೋಕಸಭಾಧ್ಯಕ್ಷ ನೀಲಂ ಸಂಜೀವರೆಡ್ಡಿಯವರು ಅದಕ್ಕೆ ಅವಕಾಶ ಕೊಟ್ಟರು. ಸಂವಿಧಾನದ 120ನೆಯ ಅನುಚ್ಛೇದವು ಹಿಂದಿ ಇಲ್ಲವೆ ಇಂಗ್ಲಿಷಿನಲ್ಲಿ ಸಮರ್ಪಕವಾಗಿ ಮಾತನಾಡಲಾರದ ಸದಸ್ಯನಿಗೆ ಮಾತ್ರ ಮಾತೃಭಾಷೆಯ ರಿಯಾಯಿತಿಯನ್ನು ನೀಡುತ್ತದೆ. ಕಾನೂನು ಪದವೀಧರರಾಗಿದ್ದ ಪಟೇಲರಿಗೆ ಇಂಗ್ಲಿಷ್ ಬಾರದೆಂದು ಹೇಳುವಂತಿರಲಿಲ್ಲ. ಆದ್ದರಿಂದ ಅವರ ಭಾಷಣದ ಮಹತ್ವ ಇರುವುದು, ಅಸಮರ್ಥನಿಗೆ ತೋರುವ ರಿಯಾಯಿತಿಯೆಂದು ಸಂವಿಧಾನ ಇಟ್ಟಿದ್ದ ಅವಕಾಶವನ್ನು ಪ್ರತಿನಿಧಿಯ ಹಕ್ಕೆಂಬಂತೆ ಬಳಸಿದ್ದರಲ್ಲಿ. ಮುಂದೆ 1996ರಿಂದ 1999ರವರೆಗೆ ರಾಜ್ಯದ ಮುಖ್ಯಮಂತ್ರಿಯಾದಾಗ ಅವರು ಏಳು ಹೊಸ ಜಿಲ್ಲೆಗಳನ್ನು ರಚಿಸಿ ಆಡಳಿತವನ್ನು ಜನರ ಹತ್ತಿರಕ್ಕೆ ತಂದದ್ದೂ ಈ ಚಿಂತನೆಗೆ ಹೊಂದಿಕೊಳ್ಳುತ್ತದೆ.

ವೇಲ್ಸ್‌ನೊಡನೆ ಹೋಲಿಕೆ

ಬ್ರಿಟನ್ನಿನ ಪಶ್ಚಿಮ ಭಾಗದ ವೇಲ್ಸ್‌ನಲ್ಲಿ ವೆಲ್ಷ್ ಎಂಬ ಪ್ರಾಚೀನ ಭಾಷೆ ಬಳಕೆಯಲ್ಲಿದೆ. 16ನೆಯ ಶತಮಾನದಲ್ಲಿ ಇಂಗ್ಲೆಂಡಿನ ಅರಸ ಎಂಟನೆಯ ಹೆನ್ರಿಯ ಕಾಲದ ಶಾಸನಗಳು ಅಲ್ಲಿನ ನ್ಯಾಯಾಲಯ ಮತ್ತು ಆಡಳಿತದಲ್ಲಿ ಇಂಗ್ಲಿಷನ್ನೇ ಕಡ್ಡಾಯಗೊಳಿಸಿದವು. ಈ ಭಾಷೆಯ ಪರವಾದ ಆಧುನಿಕ ರಾಜಕಾರಣದಲ್ಲಿ ಗ್ವಿನ್‌ಫೋರ್ ಇವಾನ್ಸ್ (1912–2005) ಅವರ ಹೆಸರು ದೊಡ್ಡದು. ಇಂಗ್ಲಿಷ್ ಮಾತನಾಡುವ ಮನೆಯಲ್ಲಿ ಹುಟ್ಟಿ, ವೆಲ್ಷ್ ಭಾಷೆಯನ್ನು ಆಮೇಲೆ ಕಲಿತು ತನ್ನದಾಗಿಸಿಕೊಂಡ ಇವಾನ್ಸ್ 1945ರಿಂದ 1981ರವರೆಗೆ ಪ್ಲೈಡ್ ಕಮ್ರಿ ಎಂಬ ವೆಲ್ಷ್ ರಾಷ್ಟ್ರೀಯ ಪಕ್ಷದ ಅಧ್ಯಕ್ಷರಾಗಿದ್ದರು. 1966ರ ಜುಲೈನಲ್ಲಿ ಕಾರ್ಮಾರ್ಥನ್ ಉಪಚುನಾವಣೆಯಲ್ಲಿ ಗೆದ್ದು ಆ ಪಕ್ಷದ ಮೊದಲ ಸಂಸತ್ ಸದಸ್ಯರಾದ ಅವರು ವೆಲ್ಷ್ ಭಾಷೆಯಲ್ಲಿ ಪ್ರಮಾಣವಚನ ಸ್ವೀಕರಿಸಲು ಬಯಸಿದರೂ ಬ್ರಿಟಿಷ್ ಸಂಸತ್ತು ಒಪ್ಪಲಿಲ್ಲ. ಮರುವರ್ಷವೇ ದೆಹಲಿಯಲ್ಲಿ ಪಟೇಲರಿಗೆ ಕನ್ನಡದಲ್ಲಿ ಮಾತನಾಡಲು ಅವಕಾಶ ದೊರೆತದ್ದನ್ನು ಇದರ ಪಕ್ಕದಲ್ಲಿಟ್ಟು ನೋಡಿದರೆ, ಬ್ರಿಟಿಷ್ ಸಂಸತ್ತಿನ ಮಾದರಿಯಲ್ಲೇ ಕಟ್ಟಿದ ಭಾರತದ ಸಂಸತ್ತು ಭಾಷೆಯ ವಿಷಯದಲ್ಲಿ ತನ್ನ ಮೂಲಕ್ಕಿಂತ ಹೆಚ್ಚು ಉದಾರವಾಗಿತ್ತೆಂಬುದು ಸ್ಪಷ್ಟವಾಗುತ್ತದೆ.

ಎರಡೂ ಕಡೆ ಭಾಷೆಯ ಪ್ರಶ್ನೆ ನೆಲದ ಪ್ರಶ್ನೆಯೊಡನೆ ಹೆಣೆದುಕೊಂಡಿತ್ತು. ಲಿವರ್‌ಪೂಲ್ ನಗರಕ್ಕೆ ನೀರು ಒದಗಿಸಲು ಟ್ರಿವೆರಿನ್ ಕಣಿವೆಗೆ ಕಟ್ಟೆ ಕಟ್ಟಿ, ವೆಲ್ಷ್ ಭಾಷಿಕರ ಕಪೆಲ್ ಕೆಲಿನ್ ಎಂಬ ಹಳ್ಳಿಯನ್ನು 1965ರಲ್ಲಿ ಮುಳುಗಿಸಿದ್ದು ಅಲ್ಲಿನ ರಾಷ್ಟ್ರೀಯ ಚಳವಳಿಗೆ ತೀವ್ರತೆ ತಂದಿತು. ಸರಿಸುಮಾರು ಅದೇ ವರ್ಷಗಳಲ್ಲಿ, 1964ರಲ್ಲಿ ಮುಗಿದ ಲಿಂಗನಮಕ್ಕಿ ಅಣೆಕಟ್ಟೆಯಿಂದ ಸಾಗರ ಮತ್ತು ಹೊಸನಗರ ತಾಲ್ಲೂಕುಗಳ ಅನೇಕ ಹಳ್ಳಿಗಳು ಶರಾವತಿಯ ಹಿನ್ನೀರಿನಲ್ಲಿ ಮುಳುಗಿದವು. ಆದರೆ ಪರಿಣಾಮ ಬೇರೆಯಾಯಿತು. ವೇಲ್ಸ್‌ನಲ್ಲಿ ಮುಳುಗಿಸಿದವರ ಭಾಷೆಯೂ ಮುಳುಗಿದವರ ಭಾಷೆಯೂ ಬೇರೆಬೇರೆಯಾಗಿದ್ದುದರಿಂದ ಅದು ರಾಷ್ಟ್ರೀಯತೆಯ ಸಂಘರ್ಷವಾಯಿತು. ಮಲೆನಾಡಿನಲ್ಲಿ ಇಬ್ಬರೂ ಕನ್ನಡಿಗರೇ ಆಗಿದ್ದುದರಿಂದ ಅದು ವರ್ಗದ ಪ್ರಶ್ನೆಯಾಗಿ ಉಳಿಯಿತು. ಗೋಪಾಲಗೌಡರ ಭಾಷಾ ರಾಜಕಾರಣದಲ್ಲಿ ಹೊರಗಿನವರ ವಿರುದ್ಧದ ದ್ವೇಷ ಕಾಣಿಸದೆ, ಒಳಗಿನ ಮೇಲುಕೀಳಿನ ಟೀಕೆಯೇ ಮುಖ್ಯವಾಗಿರುವುದಕ್ಕೆ ಇದು ಕಾರಣ.

1980ರಲ್ಲಿ ವೆಲ್ಷ್ ಭಾಷೆಯ ಪ್ರತ್ಯೇಕ ದೂರದರ್ಶನ ವಾಹಿನಿಯ ಭರವಸೆಯನ್ನು ಸರ್ಕಾರ ಮುರಿದಾಗ ಇವಾನ್ಸ್ ಆಮರಣಾಂತ ಉಪವಾಸದ ಎಚ್ಚರಿಕೆ ನೀಡಿದರು. ಮಾರ್ಗರೆಟ್ ಥ್ಯಾಚರ್ ಸರ್ಕಾರ ಮಣಿದು, 1982ರ ನವೆಂಬರ್ 1ರಂದು ಆ ವಾಹಿನಿ ಆರಂಭವಾಯಿತು. ಅದೇ 1982ರಲ್ಲಿ ಕರ್ನಾಟಕದಲ್ಲಿ ವಿ. ಕೃ. ಗೋಕಾಕ್ ಸಮಿತಿಯ ವರದಿಯ ಜಾರಿಗಾಗಿ ಚಳವಳಿ ನಡೆದು, ನಟ ರಾಜ್‌ಕುಮಾರ್ ಅವರ ಪ್ರವೇಶದಿಂದ ಅದು ರಾಜ್ಯವ್ಯಾಪಿಯಾಯಿತು.

ಧಾರೆಯ ಮುಂದುವರಿಕೆ

ಗೋಪಾಲಗೌಡರ ನಿಧನಾನಂತರ ಈ ಧಾರೆ ಎರಡು ಮುಖವಾಗಿ ಮುಂದುವರಿಯಿತು. ಮೊದಲನೆಯದು 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿ. ದೇವರಾಜ ಅರಸು ಸರ್ಕಾರ ತಂದ ಈ ಶಾಸನವು ಗೇಣಿ ಪದ್ಧತಿಯನ್ನು ರದ್ದುಮಾಡಿ, ಗೇಣಿದಾರನ ಹಕ್ಕನ್ನು ನಿರ್ಣಯಿಸಲು ಉಪವಿಭಾಗಾಧಿಕಾರಿಯ ಅಧ್ಯಕ್ಷತೆಯಲ್ಲಿ ಸರ್ಕಾರ ನಾಮಕರಣ ಮಾಡಿದ ಸದಸ್ಯರನ್ನೊಳಗೊಂಡ ಭೂನ್ಯಾಯಮಂಡಳಿಗಳನ್ನು ರಚಿಸಿತು. ಗೇಣಿದಾರರು ನಮೂನೆ 7ರಲ್ಲಿ, ಜನರ ಬಾಯಲ್ಲಿ ಡಿಕ್ಲರೇಷನ್ ಎನಿಸಿಕೊಂಡ ಅರ್ಜಿಯಲ್ಲಿ, ತಮ್ಮ ಹಕ್ಕನ್ನು ಮಂಡಿಸಬೇಕಾಗಿತ್ತು. ಈ ಮಂಡಳಿಗಳ ಮುಂದೆ ವಕೀಲರು ಹಾಜರಾಗುವಂತಿಲ್ಲವೆಂದು ಶಾಸನದ 48ನೆಯ ಕಲಮು ವಿಧಿಸಿತ್ತು. ಇದರಿಂದ ಗೇಣಿದಾರನು ಕಾನೂನಿನ ವೇದಿಕೆಯಲ್ಲಿ ತನ್ನ ಮಾತನ್ನು ತಾನೇ, ತನ್ನ ಭಾಷೆಯಲ್ಲಿ ಆಡುವಂತಾಯಿತು. ಸುಪ್ರೀಂ ಕೋರ್ಟು 1987ರಲ್ಲಿ ವಕೀಲರ ಕಾಯಿದೆಗೆ ವಿರುದ್ಧವೆಂಬ ಕಾರಣದಿಂದ ಈ ನಿಷೇಧವನ್ನು ತೆಗೆದುಹಾಕಿದರೂ, ಅಷ್ಟರಲ್ಲಿ ಬಹಳಷ್ಟು ಅರ್ಜಿಗಳ ವಿಚಾರಣೆ ಮುಗಿದಿತ್ತು. ಭಾಷೆಯ ಹೆಸರೆತ್ತದೆಯೇ ಜನಭಾಷೆಗೆ ಇಷ್ಟು ದೊಡ್ಡ ನ್ಯಾಯಿಕ ಅವಕಾಶ ಕೊಟ್ಟ ಶಾಸನ ರಾಜ್ಯದ ಚರಿತ್ರೆಯಲ್ಲಿ ವಿರಳ.

ಎರಡನೆಯ ಮುಖ ಆಡಳಿತ ಭಾಷೆಯ ಮೇಲ್ವಿಚಾರಣೆ. 1983ರಲ್ಲಿ ರಾಮಕೃಷ್ಣ ಹೆಗಡೆಯವರ ಸರ್ಕಾರ ಕಚೇರಿಗಳಲ್ಲಿ ಕನ್ನಡದ ಬಳಕೆಯನ್ನು ಪರಿಶೀಲಿಸಲು ಕನ್ನಡ ಕಾವಲು ಸಮಿತಿಯನ್ನು ನೇಮಿಸಿದಾಗ ಅದರ ಮೊದಲ ಅಧ್ಯಕ್ಷರಾದವರು ಮೈಸೂರಿನ ಸಮಾಜವಾದಿ ಹಾಗೂ ರೈತ ಚಳವಳಿಯ ಹಿನ್ನೆಲೆಯಿಂದ ಬಂದ ಸಿದ್ದರಾಮಯ್ಯನವರು ಎಂಬುದು ಆಕಸ್ಮಿಕವಲ್ಲ. ಆ ಸಮಿತಿ ಬೆಳೆದು 1994ರ ಕಾಯಿದೆಯ ಬಲ ಪಡೆದ ಕನ್ನಡ ಅಭಿವೃದ್ಧಿ ಪ್ರಾಧಿಕಾರವಾಯಿತು. ವೇಲ್ಸ್‌ನಲ್ಲಿಯೂ 1993ರ ಕಾಯಿದೆಯ ಮೂಲಕ ವೆಲ್ಷ್ ಭಾಷಾ ಮಂಡಳಿಗೆ ಶಾಸನಬದ್ಧ ಸ್ಥಾನ ದೊರೆತದ್ದು ಇದೇ ಅವಧಿಯಲ್ಲಿ.

ಉಪಸಂಹಾರ

ಮೇಲಿನ ವಿವೇಚನೆಯಿಂದ ಗೋಪಾಲಗೌಡರ ಧಾರೆಯ ಸಾಧನೆಯನ್ನೂ ಮಿತಿಯನ್ನೂ ಒಟ್ಟಿಗೆ ಗುರುತಿಸಬಹುದು. ಶಾಸನಸಭೆಯ ಮಾತು ಕನ್ನಡವಾಯಿತು. ಇಂದು ಕರ್ನಾಟಕದ ವಿಧಾನಸಭೆಯಲ್ಲಿ ಕನ್ನಡದಲ್ಲಿ ಮಾತನಾಡುವುದು ಸಾಹಸವಲ್ಲ, ಸಾಮಾನ್ಯ ಸಂಗತಿ. ಆದರೆ ಕಾನೂನಿನ ಬರಹ ಅದೇ ಪ್ರಮಾಣದಲ್ಲಿ ಕನ್ನಡವಾಗಲಿಲ್ಲ. ಸಂವಿಧಾನದ 348ನೆಯ ಅನುಚ್ಛೇದದ ಪ್ರಕಾರ ಉಚ್ಚ ನ್ಯಾಯಾಲಯದ ಕಲಾಪ ಇಂಗ್ಲಿಷಿನಲ್ಲಿ ನಡೆಯುತ್ತದೆ. ರಾಜ್ಯವು ಕನ್ನಡದಲ್ಲಿ ಶಾಸನ ಮಾಡಿದರೂ ಅದರ ಇಂಗ್ಲಿಷ್ ಅನುವಾದಕ್ಕೆ ಅಧಿಕೃತ ಪಠ್ಯದ ಸ್ಥಾನ ಸಿಗುತ್ತದೆ. ವೇಲ್ಸ್‌ನ ಶಾಸನಸಭೆ 1999ರಲ್ಲಿ ಆರಂಭವಾದುದು. ಆದರೂ 2006ರ ಕಾಯಿದೆ ಅದು ಎರಡೂ ಭಾಷೆಗಳಲ್ಲಿ ರಚಿಸುವ ಶಾಸನಗಳ ಇಂಗ್ಲಿಷ್ ಮತ್ತು ವೆಲ್ಷ್ ಪಠ್ಯಗಳಿಗೆ ಸಮಾನ ಮಾನ್ಯತೆ ನೀಡಿದೆ. ಸದನದಲ್ಲಿ ಮಾತನಾಡುವ ಹಕ್ಕಿನಲ್ಲಿ ಮುಂದಿದ್ದ ಕನ್ನಡ, ಕಾನೂನಿನ ಪಠ್ಯದ ವಿಷಯದಲ್ಲಿ ಹಿಂದುಳಿಯಿತು. 1881ರ ಸಭೆಯಲ್ಲಿ ಕಂಡ ಹಂಚಿಕೆ, ಅಂದರೆ ಬೇಡಿಕೆಗೆ ಕನ್ನಡ, ತೀರ್ಮಾನಕ್ಕೆ ಇಂಗ್ಲಿಷ್ ಎಂಬ ಏರ್ಪಾಡು, ಕೆಳಗಿನ ಹಂತಗಳಲ್ಲಿ ಮುರಿದಿದ್ದರೂ ಮೇಲಿನ ಹಂತದಲ್ಲಿ ಉಳಿದಿದೆ.

ಈ ಚರಿತ್ರೆಯನ್ನು ಪೂರ್ಣವಾಗಿ ಬರೆಯಬೇಕಾದರೆ ವಿಧಾನಸಭೆಯ ಕಲಾಪಗಳ ಕಡತಗಳನ್ನಷ್ಟೇ ಓದಿದರೆ ಸಾಲದು. 1974ರ ನಂತರದ ಭೂನ್ಯಾಯಮಂಡಳಿಗಳ ವಿಚಾರಣಾ ದಾಖಲೆಗಳನ್ನೂ ಭಾಷೆಯ ದೃಷ್ಟಿಯಿಂದ ಅಧ್ಯಯನ ಮಾಡಬೇಕಾಗಿದೆ. ಕಾಗೋಡಿನ ಸೀಮೆಯ ದಾಖಲೆಗಳ ಜೊತೆಗೆ ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ, ನಾಗಮಂಗಲದಂತಹ ಬಯಲುಸೀಮೆಯ ತಾಲ್ಲೂಕುಗಳ ದಾಖಲೆಗಳನ್ನೂ ಇಟ್ಟು ಹೋಲಿಸಿದರೆ, ಗೇಣಿಯ ನಾಡಿನಲ್ಲೂ ವಾರದ ನಾಡಿನಲ್ಲೂ ಪ್ರಜೆಗಳು ಸರ್ಕಾರದ ಮುಂದೆ ಹೇಗೆ ಮಾತನಾಡಿದರೆಂಬುದು ತಿಳಿಯುತ್ತದೆ. ಹಳೆಯ ಕಡತಗಳು ಶಿಥಿಲವಾಗುವ ಮೊದಲೇ ಅವನ್ನು ಸಂರಕ್ಷಿಸಿ ಸಂಶೋಧಕರಿಗೆ ತೆರೆದಿಡುವ ಕೆಲಸವನ್ನು ವಿಶ್ವವಿದ್ಯಾಲಯಗಳೂ ಪತ್ರಾಗಾರ ಇಲಾಖೆಯೂ ಕೈಗೆತ್ತಿಕೊಳ್ಳುವುದು ಅಗತ್ಯ.